ಇಬ್ಬರು ಹೊತ್ತೊಯ್ಯುವಷ್ಟೇ ದೊಡ್ಡದು: ಫೇ ಜೋನ್ಸ್ ಹೆಸರು ಕೇಳಿದ್ದೀರಾ?

ಓಝಾರ್ಕ್‌ವಾಸಿ

ಊರಿಂದ ಅಪ್ಪ ಅಮ್ಮ ಬಂದಿದ್ದಾರೆ. ನಾವಿರುವುದು ಅರ್ಕನ್ಸಾ ರಾಜ್ಯದ ಬೆಂಟನ್‌ವಿಲ್‌ನಲ್ಲಿ. ವಾಲ್‌ಮಾರ್ಟ್ ಹೆಡ್ಡಾಫೀಸಿನ ಊರು, ಹಾಗಾಗಿ ಐಟಿ ಕೆಲಸದ ನಮ್ಮವರು ಸಾಕಷ್ಟಿದ್ದಾರೆ. ಆದರೆ ಬಂದವರಿಗೆ ಏನು ತೋರಿಸುವುದು ಅನ್ನುವುದೇ ಪ್ರತಿ ಸಲದ ತಲೆನೋವು. ನಯಾಗರ ದೂರ. ಅಂಗಡಿ ಸುತ್ತಾಟ ಎರಡು ದಿನಕ್ಕೆ ಮುಗಿಯುತ್ತದೆ.

ಹೋದ ಶನಿವಾರ ಯುರೇಕಾ ಸ್ಪ್ರಿಂಗ್ಸ್ ಕಡೆ ಹೊರಟೆವು. ಕಾರಿನಲ್ಲಿ ಒಂದು ಗಂಟೆ ದಾರಿ. ಓಝಾರ್ಕ್ ಗುಡ್ಡಗಳಲ್ಲಿ ತಿರುವಿನ ಮೇಲೆ ತಿರುವು, ಅಮ್ಮನಿಗೋಸ್ಕರ ಎರಡು ಸಲ ಗಾಡಿ ನಿಲ್ಲಿಸಬೇಕಾಯಿತು. ಊರು ಸಿಗುವ ಸ್ವಲ್ಪ ಮೊದಲು, ಹೈವೇ 62ರ ಪಕ್ಕ, ಥಾರ್ನ್‌ಕ್ರೌನ್ ಚಾಪೆಲ್ ಅನ್ನುವ ಪುಟ್ಟ ಪ್ರಾರ್ಥನಾಮಂದಿರ ಇದೆ. ಕಾರು ಬಿಟ್ಟು ಕಾಡಿನೊಳಗೆ ನಡೆಯಬೇಕು. ಮೊದಲು ಏನೂ ಕಾಣುವುದಿಲ್ಲ. ಆಮೇಲೆ ಮರಗಳ ಮಧ್ಯೆ ಇನ್ನಷ್ಟು ಮರಗಳು ನಿಂತ ಹಾಗೆ ಕಾಣುತ್ತದೆ, ಅವು ಮಾತ್ರ ಸ್ವಲ್ಪ ಜಾಸ್ತಿ ನೆಟ್ಟಗಿವೆ. ಅದೇ ಕಟ್ಟಡ.

ಅಪ್ಪ ಮೂವತ್ತು ವರ್ಷ ಕಟ್ಟಡ ಮೇಸ್ತ್ರಿಯಾಗಿದ್ದವರು. ಬಾಗಿಲಲ್ಲೇ ನಿಂತು ಮೇಲೆ ನೋಡಿದರು. "ಇದಕ್ಕೆ ಗೋಡೆನೇ ಇಲ್ವಲ್ಲೋ" ಅಂದರು. ನಿಜ, ಇಲ್ಲ. ಬುಡದಲ್ಲಿ ಒಂದಿಷ್ಟು ಕಲ್ಲಿನ ಕಟ್ಟೆ, ಅದರ ಮೇಲೆ ಪೂರ್ತಿ ಗಾಜು. 425 ಕಿಟಕಿ, ಸುಮಾರು 6,000 ಚದರ ಅಡಿ ಗಾಜು. ಅಗಲ 24 ಅಡಿ, ಉದ್ದ 60 ಅಡಿ, ಎತ್ತರ 48 ಅಡಿ. ಬೆಂಗಳೂರಿನ 40×60 ಸೈಟಿನಲ್ಲಿ ಇಟ್ಟರೆ ಪಕ್ಕದಲ್ಲಿ ಕಾರು ನಿಲ್ಲಿಸಲು ಜಾಗ ಉಳಿಯುತ್ತದೆ. ಅಷ್ಟು ಚಿಕ್ಕದು. ಆದರೆ ಒಳಗೆ ನಿಂತರೆ ಚಿಕ್ಕದು ಅನ್ನಿಸುವುದೇ ಇಲ್ಲ. ತಲೆಯ ಮೇಲೆ ಎರಡೂ ಕಡೆಯಿಂದ ಬಂದ ಮರದ ಪಟ್ಟಿಗಳು ಒಂದಕ್ಕೊಂದು ಅಡ್ಡ ಹಾಯುತ್ತ ಸಾಲಾಗಿ ಹೋಗಿವೆ. ನೆತ್ತಿಯ ಉದ್ದಕ್ಕೂ ಗಾಜಿನ ಸೀಳು. ಬೆಳಕು ಅಲ್ಲಿಂದ ಇಳಿದು ಪಟ್ಟಿಗಳ ಮೇಲೆ ಬಿದ್ದು ನೆಲಕ್ಕೆ ಬರುವಷ್ಟರಲ್ಲಿ ಚೂರುಚೂರಾಗಿರುತ್ತದೆ.

ಇದನ್ನು ಮಾಡಿದ ಆರ್ಕಿಟೆಕ್ಟ್ ಇ. ಫೇ ಜೋನ್ಸ್. 'ಫೇ' ನೋಡಿ ಹೆಂಗಸು ಅಂದುಕೊಂಡಿದ್ದೆ. ಗಂಡಸು. 1921ರಲ್ಲಿ ಇದೇ ಅರ್ಕನ್ಸಾದ ಪೈನ್ ಬ್ಲಫ್‌ನಲ್ಲಿ ಹುಟ್ಟಿ, ಎಲ್ ಡೊರಾಡೊ ಅನ್ನುವ ಊರಲ್ಲಿ ಬೆಳೆದು, ಜೀವಮಾನದ ಕೆಲಸವನ್ನೆಲ್ಲ ಫಯೆಟ್‌ವಿಲ್ ಅನ್ನುವ ಕಾಲೇಜು ಊರಲ್ಲಿ ಕೂತು ಮಾಡಿ, 2004ರಲ್ಲಿ ತೀರಿಕೊಂಡರು. ನಮ್ಮ ಮನೆಯಿಂದ ಅರ್ಧ ಗಂಟೆ. ಆರು ವರ್ಷದಿಂದ ಇಲ್ಲಿದ್ದೇನೆ, ನನಗೇ ಗೊತ್ತಿರಲಿಲ್ಲ.

ಕಟ್ಟಿಸಿದವರ ಕತೆಯೂ ಚೆನ್ನಾಗಿದೆ. ಜಿಮ್ ರೀಡ್ ಅಂತ ನಿವೃತ್ತ ಮೇಷ್ಟ್ರು. ಮನೆ ಕಟ್ಟಿಕೊಳ್ಳೋಣ ಅಂತ ಈ ಗುಡ್ಡದಲ್ಲಿ ಜಾಗ ಕೊಂಡರು. ನೋಟ ಚೆನ್ನಾಗಿದೆ ಅಂತ ದಾರಿಹೋಕರು ಅವರ ಜಾಗಕ್ಕೇ ಬಂದು ನಿಲ್ಲುತ್ತಿದ್ದರು. ಬೇರೆಯವರಾಗಿದ್ದರೆ ಬೇಲಿ ಹಾಕುತ್ತಿದ್ದರು. ಇವರು ಬಂದವರು ಕೂರಲಿ ಅಂತ ಚಾಪೆಲ್ ಕಟ್ಟಿಸಲು ಹೊರಟರು. ಅರ್ಧ ಕಟ್ಟಿದಾಗ ದುಡ್ಡು ಮುಗಿಯಿತು. ಆಮೇಲೆ ಇಲಿನಾಯ್‌ನ ಒಬ್ಬ ಹೆಂಗಸು ಸಾಲ ಕೊಟ್ಟು, 1980ರ ಜುಲೈನಲ್ಲಿ ಬಾಗಿಲು ತೆರೆಯಿತು.

ನನಗೆ ತಲೆಯಲ್ಲಿ ಕೂತ ಸಂಗತಿ ಬೇರೆ. ಕಾಡು ಹಾಳಾಗಬಾರದು ಅಂತ ಜೋನ್ಸ್ ಒಂದು ನಿಯಮ ಹಾಕಿಕೊಂಡರಂತೆ. ಇಬ್ಬರು ಆಳು ಮರಗಳ ನಡುವೆ ಹೊತ್ತು ತರಲಾಗದ ಯಾವ ಸಾಮಾನೂ ಬೇಡ. ಕ್ರೇನ್ ಬರಲು ದಾರಿ ಕಡಿಯುವ ಮಾತೇ ಇಲ್ಲ. ಹಾಗಾಗಿ ಇಡೀ ಕಟ್ಟಡ 2×4, 2×6, 2×12 ಇಂಚಿನ ಪೈನ್ ಹಲಗೆಗಳದ್ದು. ಹತ್ತಿರದ ಮರದಂಗಡಿಯಲ್ಲಿ ಸಿಗುವಂಥದ್ದು. ಅಪ್ಪ ಇದನ್ನು ಕೇಳಿದ ಮೇಲೆ ಅರ್ಧ ಗಂಟೆ ಹೊರಗೆ ಬರಲಿಲ್ಲ.

ಇವರ ಬಗ್ಗೆ ಗೊತ್ತಿರುವವರು ಇಲ್ಲಿದ್ದೀರಾ? ಆರ್ಕಿಟೆಕ್ಟ್‌ಗಳು ಯಾರಾದರೂ ಹೇಳಿ.

ಕಾಫಿಪುಡಿ

ಫೋಟೋ ಹಾಕಿ ಸಾರ್, ಸುಮ್ನೆ ಹೊಟ್ಟೆ ಉರಿಸಬೇಡಿ.

ತೊಟ್ಟಿಮನೆ

ಆರ್ಕಿಟೆಕ್ಟ್ ಹಾಜರ್. ಡಲ್ಲಾಸ್ ಪಕ್ಕ ಇದ್ದೇನೆ. ಖುಷಿ ಹಾಳು ಮಾಡುವ ಉದ್ದೇಶವಿಲ್ಲ, ಆದರೂ ಹೇಳುತ್ತೇನೆ. ಫೇ ಜೋನ್ಸ್ ಅಂದರೆ ಅಮೆರಿಕದ ಹೆಸರಾಂತ ಆರ್ಕಿಟೆಕ್ಟ್ ಫ್ರಾಂಕ್ ಲಾಯ್ಡ್ ರೈಟ್ ಅವರ ಶಿಷ್ಯ, ಅಷ್ಟೇ. 1953ರಲ್ಲಿ ರೈಟ್ ಅವರ ಮನೆಯೂ ಗುರುಕುಲವೂ ಆಗಿದ್ದ ಟ್ಯಾಲಿಯೆಸಿನ್‌ನಲ್ಲಿ ಅವರ ಬಳಿ ಕಲಿತರು. ಅವರ ಮನೆಗಳನ್ನು ನೋಡಿ. ಅಡ್ಡಡ್ಡ ಚಾಚಿದ ಸೂರು, ಸ್ಥಳದ ಕಲ್ಲು, ನಡುಮನೆಯಲ್ಲಿ ದೊಡ್ಡ ಬೆಂಕಿಗೂಡು. ಎಲ್ಲ ಗುರುವಿನದೇ.

ಕಾಡಿನಲ್ಲಿ ಗಾಜಿನ ಚಾಪೆಲ್ ಅನ್ನುವುದೂ ಹೊಸದಲ್ಲ. ರೈಟ್ ಮಗ ಲಾಯ್ಡ್ ರೈಟ್ 1951ರಲ್ಲೇ ಕ್ಯಾಲಿಫೋರ್ನಿಯಾದಲ್ಲಿ ವೇಫೇರರ್ಸ್ ಚಾಪೆಲ್ ಕಟ್ಟಿದ್ದರು. ಅದೂ ಮರ, ಕಲ್ಲು, ಗಾಜು. ಸುತ್ತ ರೆಡ್‌ವುಡ್ ಮರಗಳು. ಜೋನ್ಸ್ ಮೂವತ್ತು ವರ್ಷ ತಡ. ಪಾಪ, ಅದರ ಕೆಳಗಿನ ನೆಲ ಜಾರಿ 2024ರಲ್ಲಿ ಬಿಚ್ಚಿಡಬೇಕಾಯಿತು, ಅದು ಬೇರೆ ದುಃಖ.

ಒಳ್ಳೆಯ ಕಟ್ಟಡ ಹೌದು. ತಲೆ ಮೇಲೆ ಹೊತ್ತು ಮೆರೆಸುವುದು ಜಾಸ್ತಿಯಾಯಿತು.

ಸಿಮೆಂಟ್‌ಮೂಟೆ

ಮೇಡಂ, ನಾನು ಸ್ಟ್ರಕ್ಚರ್ ಕಡೆಯವನು, ಅಂದ ಚಂದ ನನಗೆ ತಿಳಿಯದು. ಆದರೆ ಎರಡೂ ಒಂದೇ ಅನ್ನುವುದನ್ನು ಒಪ್ಪಲಾರೆ.

ಥಾರ್ನ್‌ಕ್ರೌನ್‌ಗೆ ಪ್ರೇರಣೆ ವೇಫೇರರ್ಸ್ ಅಲ್ಲ, ಪ್ಯಾರಿಸ್‌ನ ಸೇಂಟ್ ಶಾಪೆಲ್. 13ನೇ ಶತಮಾನದ್ದು. ಅಲ್ಲಿಯೂ ಗೋಡೆ ಪೂರ್ತಿ ಗಾಜು. ಜೋನ್ಸ್ ಅದನ್ನು ತಿರುಗಾಮುರುಗಾ ಮಾಡಿದರು. ಆ ಕಾಲದ ಯುರೋಪಿನ ಗಾಥಿಕ್ ಶೈಲಿಯ ಕಟ್ಟಡದಲ್ಲಿ ಕಲ್ಲಿನ ಕಮಾನು ಗೋಡೆಯನ್ನು ಹೊರಕ್ಕೆ ದೂಡುತ್ತದೆ. ಗೋಡೆ ಬೀಳದಿರಲಿ ಅಂತ ಹೊರಗೆ ಕಲ್ಲಿನ ಊರೆ ಕೊಟ್ಟು ಒಳಕ್ಕೆ ಒತ್ತುತ್ತಾರೆ. ಕಲ್ಲಿಗೆ ಒತ್ತಡ ತಡೆಯುವುದು ಗೊತ್ತು, ಎಳೆತ ಗೊತ್ತಿಲ್ಲ. ಹಾಗಾಗಿ ಬಲವೆಲ್ಲ ಹೊರಗೆ, ಒಳಗೆ ಖಾಲಿ.

ಇಲ್ಲಿ ಸಾಮಾನು ಮರ. ಮರ ಎಳೆತ ತಾಳುತ್ತದೆ. ಹಾಗಾಗಿ ಊರೆಯನ್ನು ಹೊರಗಿನಿಂದ ಎತ್ತಿ ಒಳಗೆ ತಂದರು. ತಲೆಯ ಮೇಲೆ ಅಡ್ಡ ಹಾಯುವ ಪಟ್ಟಿಗಳು ಅಂದಿರಲ್ಲ, ಅವು ಅಲಂಕಾರವಲ್ಲ. ಎರಡು ಕಡೆಯ ಕಂಬಗಳನ್ನು ಪರಸ್ಪರ ಎಳೆದು ಹಿಡಿದಿವೆ. 24 ಅಡಿ ಅಗಲಕ್ಕೆ 48 ಅಡಿ ಎತ್ತರ, ಅಂದರೆ ನಿಲ್ಲಿಸಿದ ಬೆಂಕಿಪೊಟ್ಟಣ. ಪಕ್ಕದಿಂದ ಗಾಳಿ ಬಂದರೆ ಗಾಜು ಏನೂ ಸಹಾಯ ಮಾಡುವುದಿಲ್ಲ. ಆ ಪಟ್ಟಿಗಳನ್ನು ತೆಗೆದರೆ ಕಟ್ಟಡ ವಾಲುತ್ತದೆ. ತೆಗೆಯಲಾಗದ ಅಲಂಕಾರಕ್ಕಿಂತ ಒಳ್ಳೆಯದು ಏನಿದೆ ಹೇಳಿ.

ಬಡಗಿಮಗ

ಓಝಾರ್ಕ್ ಅಣ್ಣಾ, ಒಂದು ವಿಷಯ ಹೇಳಿ. ಪಟ್ಟಿಗಳು ಅಡ್ಡ ಹಾಯುವ ಕಡೆ ಕೀಲು ಹೇಗಿದೆ? ನಮ್ಮಪ್ಪ ಬಡಗಿ, ನಾನೂ ಹತ್ತು ವರ್ಷ ಅದೇ ಮಾಡಿದವನು. ಎರಡು ತೊಲೆ ಅಡ್ಡ ಹಾಯ್ದರೆ ಎರಡನ್ನೂ ಅರ್ಧರ್ಧ ಕೊರೆದು ಒಂದರೊಳಗೊಂದು ಕೂರಿಸುತ್ತೇವೆ. ತೆಳು ಹಲಗೆಯಲ್ಲಿ ಅರ್ಧ ಕೊರೆದರೆ ಉಳಿಯುವುದೇನು? ಅಲ್ಲೇ ಮುರಿಯುತ್ತದೆ. ಇವರು ಏನು ಮಾಡಿದರು?

ಓಝಾರ್ಕ್‌ವಾಸಿ

ಸರಿಯಾದ ಜಾಗಕ್ಕೇ ಕೈ ಹಾಕಿದಿರಿ. ನಮ್ಮಪ್ಪನೂ ಅದನ್ನೇ ಕತ್ತೆತ್ತಿ ನೋಡುತ್ತಿದ್ದುದು.

ಪಟ್ಟಿಗಳು ಮಧ್ಯದಲ್ಲಿ ಸೇರುವುದೇ ಇಲ್ಲ! ಕೂಡುವ ಜಾಗದಲ್ಲಿ ಉಕ್ಕಿನ ಒಂದು ಜೋಡಣೆ ಇದೆ, ಡೈಮಂಡ್ ಆಕಾರ, ನಡುವೆ ಖಾಲಿ. ನಾಲ್ಕು ಕಡೆಯಿಂದ ಬಂದ ಹಲಗೆಗಳು ಅದರ ಅಂಚಿಗೆ ಬಂದು ನಿಲ್ಲುತ್ತವೆ. ಮಧ್ಯದ ತೂತಿನಿಂದ ಆಕಾಶ ಕಾಣುತ್ತದೆ. ಎಲ್ಲಿ ಗಂಟು ಬಿಗಿಯಾಗಿರಬೇಕು ಅಂತ ನಮ್ಮ ಕಣ್ಣು ಹುಡುಕುತ್ತದೋ ಅಲ್ಲೇ ಬೆಳಕು ಇಟ್ಟಿದ್ದಾರೆ.

ಮರಕ್ಕೆ ಬೂದು ಬಣ್ಣದ ಸ್ಟೇನ್. ಜೋಡಿಸುವ ಮೊದಲೇ ಕೈಯಲ್ಲಿ ಉಜ್ಜಿ ಹಚ್ಚಿದ್ದಂತೆ. ಹೊರಗಿನ ಮರಗಳ ತೊಗಟೆಗೆ ಹೊಂದಲಿ ಅಂತ. ಹೊಂದಿದೆ. ಗಾಜಿನ ಆಚೆ ಯಾವುದು, ಈಚೆ ಯಾವುದು ಅಂತ ಒಂದು ಕ್ಷಣ ಗೊಂದಲವಾಗುತ್ತದೆ.

ಬಡಗಿಮಗ

ಕಂಬದಲ್ಲಿ ಜೋಡಿಸಿದ ಮೇಲೆ ಸಂದಿಗೆ ಬಣ್ಣ ಹೋಗುವುದಿಲ್ಲ, ಅದಕ್ಕೇ ಮೊದಲು ಹಚ್ಚಿದ್ದಾರೆ. ಹಲಗೆ ಒಣಗಿ ಸ್ವಲ್ಪ ಕುಗ್ಗಿದರೆ ಬಿಳಿ ಗೀರು ಕಾಣುತ್ತದೆ. ನಾನು ಒಂದು ಮನೆಯ ಕಿಟಕಿಗೆ ಈ ತಪ್ಪು ಮಾಡಿ ಬೈಸಿಕೊಂಡಿದ್ದೇನೆ. ಆ ಮನುಷ್ಯನಿಗೆ ಕೈಕೆಲಸ ಗೊತ್ತಿತ್ತು ಬಿಡಿ.

ತೊಟ್ಟಿಮನೆ

@ಸಿಮೆಂಟ್‌ಮೂಟೆ ಒಪ್ಪಿದೆ, ಎಳೆತದ ವಿಷಯ ಚೆನ್ನಾಗಿ ಹೇಳಿದಿರಿ. ಆದರೆ ನನ್ನ ಪ್ರಶ್ನೆ ಒಂದು ಕಟ್ಟಡದ್ದಲ್ಲ. ಒಬ್ಬರ ಇಡೀ ಜೀವನದ ಕೆಲಸ ಗುರುವಿನ ನೆರಳಿನಿಂದ ಈಚೆ ಬಂತಾ ಅನ್ನುವುದು.

ಸಿಮೆಂಟ್‌ಮೂಟೆ

ಬಂತು ಅಂತ ನನ್ನ ಅನಿಸಿಕೆ, ಆದರೆ ನಿಧಾನವಾಗಿ. 1965ರ ಸ್ಟೋನ್‌ಫ್ಲವರ್ ಅನ್ನುವ ಪುಟ್ಟ ರಜಾಮನೆ ನೋಡಿ, ಹೀಬರ್ ಸ್ಪ್ರಿಂಗ್ಸ್‌ನಲ್ಲಿದೆ. ಕೆಳಗೆ ಗುಹೆಯ ಹಾಗೆ ಕಲ್ಲು, ಅದರ ಮೇಲೆ ಇಕ್ಕಟ್ಟಾಗಿ ಎದ್ದು ನಿಂತ ಮರದ ಪೆಟ್ಟಿಗೆ, ಒಳಗೆ ಅಡ್ಡಪಟ್ಟಿಗಳು. ಥಾರ್ನ್‌ಕ್ರೌನ್‌ನ ಬೀಜ ಅಲ್ಲಿದೆ. ರೈಟ್ ಮನೆಗಳು ನೆಲಕ್ಕೆ ಒರಗಿ ಮಲಗುತ್ತವೆ. ಇದು ಎದ್ದು ನಿಲ್ಲುತ್ತದೆ. 1965ರಿಂದ 1980, ಹದಿನೈದು ವರ್ಷ ಒಂದೇ ಯೋಚನೆಯನ್ನು ಕಾಯಿಸಿದ್ದಾರೆ.

ಮಳೆಹುಡುಗಿ

ನಾನು ಆರ್ಕಿಟೆಕ್ಚರ್ ನಾಲ್ಕನೇ ವರ್ಷ. ನಮಗೆ ರೈಟ್ ಇದ್ದಾರೆ, ಕೊರ್ಬುಸಿಯೆ ಇದ್ದಾರೆ, ಲೂಯಿ ಕಾನ್ ಇದ್ದಾರೆ. ಫೇ ಜೋನ್ಸ್ ಹೆಸರು ಒಂದು ಸ್ಲೈಡಿನಲ್ಲೂ ಬಂದಿಲ್ಲ. ಅವರು ರೈಟ್ ಕಡೆ ಹೇಗೆ ಹೋದರು? ಯಾರಾದರೂ ಹೇಳ್ತೀರಾ?

ಓಝಾರ್ಕ್‌ವಾಸಿ

ಈ ವಾರವೆಲ್ಲ ಇದನ್ನೇ ಓದುತ್ತಿದ್ದೇನೆ, ಹೆಂಡತಿ ಬೈಯುತ್ತಿದ್ದಾಳೆ. ಹೇಳುತ್ತೇನೆ.

ಅಪ್ಪ ಅಮ್ಮ ಎಲ್ ಡೊರಾಡೊದಲ್ಲಿ ಹೋಟೆಲ್ ನಡೆಸುತ್ತಿದ್ದರು. ಹುಡುಗನಿಗೆ ಮರದ ಮೇಲೆ ಮನೆ ಕಟ್ಟುವ ಹುಚ್ಚು. ಅದರಲ್ಲಿ ಒಂದಕ್ಕೆ ಇಟ್ಟಿಗೆಯ ಬೆಂಕಿಗೂಡು ಬೇರೆ! ಹೈಸ್ಕೂಲಿನಲ್ಲಿದ್ದಾಗ ಸಿನಿಮಾ ಟಾಕೀಸಿನಲ್ಲಿ ಒಂದು ಕಿರುಚಿತ್ರ ನೋಡಿದರು. ವಿಸ್ಕಾನ್ಸಿನ್‌ನಲ್ಲಿ ರೈಟ್ ಕಟ್ಟುತ್ತಿದ್ದ ಜಾನ್ಸನ್ ವ್ಯಾಕ್ಸ್ ಕಂಪನಿಯ ಕಚೇರಿ ಬಗ್ಗೆ. ಹೊರಗೆ ಬಂದಾಗ ಆರ್ಕಿಟೆಕ್ಟ್ ಆಗುವುದು ತೀರ್ಮಾನವಾಗಿತ್ತು.

ಆದರೆ ಆಗ ಅರ್ಕನ್ಸಾ ವಿಶ್ವವಿದ್ಯಾಲಯದಲ್ಲಿ ಆ ವಿಷಯವೇ ಇರಲಿಲ್ಲ. ಎಂಜಿನಿಯರಿಂಗ್ ಸೇರಿದರು. ಯುದ್ಧ ಬಂತು, ನೌಕಾಪಡೆಯಲ್ಲಿ ವಿಮಾನ ಹಾರಿಸಲು ಪೆಸಿಫಿಕ್‌ಗೆ ಹೋದರು. ತಿರುಗಿ ಬಂದಾಗ 1946ರಲ್ಲಿ ವಿಶ್ವವಿದ್ಯಾಲಯ ಆರ್ಕಿಟೆಕ್ಚರ್ ಶುರು ಮಾಡಿತ್ತು. ಮೊದಲ ಬ್ಯಾಚಿನಲ್ಲೇ ಸೇರಿ 1950ರಲ್ಲಿ ಡಿಗ್ರಿ ಪಡೆದರು.

1949ರಲ್ಲಿ ಅಮೆರಿಕದ ವಾಸ್ತುಶಿಲ್ಪಿಗಳ ಸಂಸ್ಥೆ ಎಐಎ ರೈಟ್‌ಗೆ ಚಿನ್ನದ ಪದಕ ಕೊಟ್ಟಿತು. ಸಮಾರಂಭ ಹ್ಯೂಸ್ಟನ್‌ನಲ್ಲಿ, ಆಗತಾನೆ ತೆರೆದ ಶ್ಯಾಮ್ರಾಕ್ ಹೋಟೆಲಿನಲ್ಲಿ. ಜೋನ್ಸ್ ಮತ್ತೆ ಕೆಲವು ಹುಡುಗರು ಕಾರು ಓಡಿಸಿಕೊಂಡು ಹೋದರು, ಸುಮ್ನೆ ದೂರದಿಂದಾದರೂ ನೋಡೋಣ ಅಂತ. ಒಳಗೆ ಪಾರ್ಟಿ. ಇವರು ಹೊರಗೆ ಪಡಸಾಲೆಯಲ್ಲಿ. ಅಷ್ಟರಲ್ಲಿ ಬಾಗಿಲು ತೆರೆದು ಸ್ವತಃ ರೈಟ್ ಪಾರ್ಟಿಯಿಂದ ತಪ್ಪಿಸಿಕೊಂಡು ಆಚೆ ಬಂದರು. ಎದುರಿಗಿದ್ದ ಹುಡುಗನ ಕೈ ಕುಲುಕಿ ತಮ್ಮ ಪರಿಚಯ ಹೇಳಿಕೊಂಡರು, ಯಾರಿಗೂ ಗೊತ್ತಿಲ್ಲವೇನೋ ಅನ್ನುವ ಹಾಗೆ. ಆಮೇಲೆ ಅವನನ್ನು ಕರೆದುಕೊಂಡು ಹೋಟೆಲ್ ಸುತ್ತಿಸಿ, ಎಲ್ಲೆಲ್ಲಿ ಕೆಟ್ಟಿದೆ ಅಂತ ಒಂದೊಂದಾಗಿ ತೋರಿಸಿದರು.

ನಾಲ್ಕು ವರ್ಷದ ಮೇಲೆ ಆ ಹುಡುಗ ಹೆಂಡತಿ ಮಕ್ಕಳನ್ನು ಕಟ್ಟಿಕೊಂಡು ಟ್ಯಾಲಿಯೆಸಿನ್‌ಗೆ ಹೋದ. 1990ರಲ್ಲಿ ಅದೇ ಪದಕ ಅವನಿಗೇ ಬಂತು. ರೈಟ್ ಶಿಷ್ಯರಲ್ಲಿ ಆ ಪದಕ ಪಡೆದವರು ಇವರೊಬ್ಬರೇ.

ಕಾಫಿಪುಡಿ

ರೋಮಾಂಚನ ಆಯ್ತು ಸಾರ್. ಪಾರ್ಟಿಯಿಂದ ಎದ್ದು ಬರುವವರ ಮೇಲೆ ನನಗೆ ಮೊದಲಿಂದ ಗೌರವ.

ದಾರಿಹೋಕ

ಎಲ್ಲರೂ ಆರತಿ ಎತ್ತಿದ್ದು ಮುಗಿಯಿತಾ? ಇನ್ನೊಂದು ಮಗ್ಗುಲು ಹೇಳುತ್ತೇನೆ. ಇದೇ ಫೇ ಜೋನ್ಸ್ ಅರ್ಕನ್ಸಾ ಗವರ್ನರ್ ಆರ್ವಲ್ ಫಾಬಸ್‌ಗೆ ಹಂಟ್ಸ್‌ವಿಲ್‌ನಲ್ಲಿ ಗುಡ್ಡದ ಮೇಲೆ ದೊಡ್ಡ ಮನೆ ಮಾಡಿಕೊಟ್ಟರು, 1960ರ ದಶಕದಲ್ಲಿ. ಫಾಬಸ್ ಯಾರು ಗೊತ್ತಾ? 1957ರಲ್ಲಿ ಲಿಟಲ್ ರಾಕ್‌ನ ಸೆಂಟ್ರಲ್ ಹೈಸ್ಕೂಲಿಗೆ ಒಂಬತ್ತು ಕರಿಯ ಮಕ್ಕಳು ಕಾಲಿಡದ ಹಾಗೆ ರಾಜ್ಯದ ಮೀಸಲು ಪಡೆ ನ್ಯಾಷನಲ್ ಗಾರ್ಡ್ ನಿಲ್ಲಿಸಿದವನು. ಕೊನೆಗೆ ಅಧ್ಯಕ್ಷ ಐಸೆನ್‌ಹೋವರ್ ಸೈನ್ಯ ಕಳಿಸಿ ಆ ಮಕ್ಕಳನ್ನು ಒಳಗೆ ಕರೆದೊಯ್ಯಬೇಕಾಯಿತು. ಆ ಸಂಬಳದಲ್ಲಿ ಅಷ್ಟು ದೊಡ್ಡ ಮನೆ ಹೇಗೆ ಬಂತು ಅಂತ ಆಗಲೇ ಜನ ಕೇಳಿದ್ದರು. ಅಂಥವನಿಗೆ ಮನೆ ಬರೆದುಕೊಟ್ಟ ಕೈಯೇ ಕಾಡಿನಲ್ಲಿ ಚಾಪೆಲ್ ಬರೆದದ್ದು.

ಓಝಾರ್ಕ್‌ವಾಸಿ

ಇದು ಗೊತ್ತಿತ್ತು, ಬರೆಯುವುದಾ ಬೇಡವಾ ಅಂತ ಹಿಂದೆಮುಂದೆ ನೋಡಿದ್ದೆ. ನೀವೇ ಬರೆದದ್ದು ಒಳ್ಳೆಯದಾಯಿತು. ಸಮರ್ಥನೆ ನನ್ನಲ್ಲಿಲ್ಲ.

ತೊಟ್ಟಿಮನೆ

ವೃತ್ತಿಯಲ್ಲಿರುವವಳಾಗಿ ಹೇಳುತ್ತೇನೆ. ಯಾರ ಕೆಲಸ ಒಪ್ಪುತ್ತೇವೆ ಅನ್ನುವುದೂ ನಮ್ಮ ಕೆಲಸದ ಭಾಗವೇ. "ನಾನು ಬರೀ ಮನೆ ಬರೆದೆ" ಅನ್ನುವುದು ಸಾಲದು. ಆದರೆ ಅದರಿಂದ ಚಾಪೆಲ್‌ನ ಕೀಲು ಸಡಿಲವಾಗುವುದೂ ಇಲ್ಲ. ಎರಡನ್ನೂ ಇಟ್ಟುಕೊಂಡೇ ನೋಡಬೇಕು.

ದಾರಿಹೋಕ

ಅಷ್ಟು ಒಪ್ಪಿದರೆ ಸಾಕು.

ಮಳೆಹುಡುಗಿ

ನನ್ನದು ಸಣ್ಣ ಪ್ರಶ್ನೆ. ನಮ್ಮೂರು ಸಣ್ಣದು. ಡಿಗ್ರಿ ಮುಗಿದ ಮೇಲೆ ಅಲ್ಲೇ ಕೆಲಸ ಮಾಡುವ ಆಸೆ. ಎಲ್ಲರೂ ಬೆಂಗಳೂರಿಗೆ ಹೋಗು, ಇಲ್ಲಿ ಕಾಂಪೌಂಡ್ ಗೋಡೆ ಬರೆಯಬೇಕಾಗುತ್ತದೆ ಅಂತ ಹೆದರಿಸುತ್ತಾರೆ. ಜೋನ್ಸ್ ಸಣ್ಣ ಊರಲ್ಲಿ ಕೂತು ಹೇಗೆ ನಡೆಸಿದರು?

ಸಿಮೆಂಟ್‌ಮೂಟೆ

ಪಾಠ ಹೇಳಿ! ಮೇಷ್ಟ್ರ ಸಂಬಳ ಇತ್ತಲ್ಲ ತಂಗಿ. ಮೊದಲು ಎರಡು ವರ್ಷ ಓಕ್ಲಹೋಮಾದಲ್ಲಿ ಬ್ರೂಸ್ ಗಾಫ್ ಅನ್ನುವ ಆರ್ಕಿಟೆಕ್ಟ್ ನಡೆಸುತ್ತಿದ್ದ ವಿಭಾಗದಲ್ಲಿ ಕಲಿಸಿದರು. ಆಮೇಲೆ 1953ರಿಂದ 1988ರವರೆಗೆ, 35 ವರ್ಷ, ತಾವು ಓದಿದ ಅರ್ಕನ್ಸಾ ವಿಶ್ವವಿದ್ಯಾಲಯದಲ್ಲೇ ಮೇಷ್ಟ್ರು. ನಡುವೆ ಡೀನ್ ಕೂಡ ಆಗಿದ್ದರು. ಪಕ್ಕದಲ್ಲಿ ಬೆರಳೆಣಿಕೆ ಜನರ ಸಣ್ಣ ಕಚೇರಿ. ತಿಂಗಳ ಖರ್ಚು ಕಾಲೇಜು ನೋಡಿಕೊಂಡರೆ ಬಂದ ಕೆಲಸವನ್ನೆಲ್ಲ ಒಪ್ಪಬೇಕಾಗಿಲ್ಲ. ನನ್ನ ಲೆಕ್ಕದಲ್ಲಿ ಇದೇ ಗುಟ್ಟು. ಕಾಲೇಜಿಗೆ ಈಗ ಅವರದ್ದೇ ಹೆಸರು.

ಓಝಾರ್ಕ್‌ವಾಸಿ

ಇನ್ನೊಂದು ಸೇರಿಸುತ್ತೇನೆ. ಅವರು ಗಗನಚುಂಬಿ ಕಟ್ಟಲಿಲ್ಲ, ಏರ್‌ಪೋರ್ಟ್ ಕಟ್ಟಲಿಲ್ಲ. ನೂರಕ್ಕೂ ಜಾಸ್ತಿ ಮನೆ, ಹದಿನೈದು ಚಾಪೆಲ್ ಮತ್ತು ಚರ್ಚು, ಹೆಚ್ಚಿನದೆಲ್ಲ ಇಷ್ಟೇ. ಮನೆಗಳಲ್ಲಿ ಬಹಳಷ್ಟು ಇಲ್ಲೇ ಸುತ್ತಮುತ್ತ. ನಮ್ಮ ಬೆಂಟನ್‌ವಿಲ್‌ನಲ್ಲಿ ವಾಲ್‌ಮಾರ್ಟ್ ಸ್ಥಾಪಿಸಿದ ಸ್ಯಾಮ್ ವಾಲ್ಟನ್ ಮನೆಯೂ ಇವರದ್ದೇ ಅಂತ ಮೊನ್ನೆ ತಿಳಿಯಿತು. 1950ರ ದಶಕದ ಕೊನೆಯಲ್ಲಿ ಹಳ್ಳದ ಮೇಲೆ ಕಟ್ಟಿದ್ದು. ಆಗ ವಾಲ್‌ಮಾರ್ಟ್ ಅನ್ನುವುದೇ ಇರಲಿಲ್ಲ, ಮೊದಲ ಅಂಗಡಿ 1962ರಲ್ಲಿ. 70ರ ದಶಕದ ಆರಂಭದಲ್ಲಿ ಸಿಡಿಲು ಬಡಿದು ಮನೆ ಸುಟ್ಟುಹೋಯಿತು, ಮತ್ತೆ ಕಟ್ಟಿಸಿದರು.

ಸ್ವಂತ ಮನೆ ಫಯೆಟ್‌ವಿಲ್‌ನಲ್ಲಿ, 1956ರದ್ದು. ಇಳಿಜಾರಿನ ಜಾಗ. ಅಲ್ಲಿದ್ದ ಬಂಡೆಯನ್ನು ಒಡೆಯದೆ ಮನೆಯೊಳಗೇ ಉಳಿಸಿಕೊಂಡರು. ಕೆಳಗೆ ಗುಹೆ, ಮೇಲೆ ಮರದ ಮೇಲಿನ ಮನೆ ಅನ್ನುವ ಲೆಕ್ಕ. ಎಲ್ ಡೊರಾಡೊ ಹುಡುಗ ಎಲ್ಲಿಗೂ ಹೋಗಿರಲಿಲ್ಲ ಅಲ್ವಾ.

ಕಾಫಿಪುಡಿ

ನಾನು ದೆಹಲಿಯಲ್ಲಿರುವುದು. ನನಗೂ ಒಂದು ಕೊಂಡಿ ಸಿಕ್ಕಿತು, ಕೇಳಿ. ಚಾಣಕ್ಯಪುರಿಯಲ್ಲಿ ಅಮೆರಿಕದ ರಾಯಭಾರ ಕಚೇರಿ ಇದೆಯಲ್ಲ, 1959ರದ್ದು, ಸುತ್ತ ಬಿಳಿ ಜಾಲಿ, ನಡುವೆ ನೀರಿನ ಕೊಳ. ಅದನ್ನು ಮಾಡಿದ ಎಡ್ವರ್ಡ್ ಡ್ಯೂರೆಲ್ ಸ್ಟೋನ್ ಹುಟ್ಟಿದ್ದು ಇದೇ ಫಯೆಟ್‌ವಿಲ್‌ನಲ್ಲಿ, 1902ರಲ್ಲಿ! ನ್ಯೂಯಾರ್ಕ್‌ಗೆ ಹೋಗಿ ದೊಡ್ಡ ಹೆಸರು ಮಾಡಿ, ವಾಷಿಂಗ್ಟನ್‌ನ ಕೆನಡಿ ಸೆಂಟರ್‌ವರೆಗೆ ಕಟ್ಟಿದ. ಒಂದೇ ಊರು. ಒಬ್ಬ ಬಿಟ್ಟುಹೋದ, ಒಬ್ಬ ಉಳಿದ. ವೀಸಾ ಕೆಲಸಕ್ಕೆ ಹೋದಾಗ ಬಿಸಿಲಲ್ಲಿ ಕಾಯುತ್ತ ಆ ಕಾಂಪೌಂಡ್ ನೋಡಿದ್ದೇ ಬಂತು.

ತೊಟ್ಟಿಮನೆ

ಒಳ್ಳೆಯ ಜೋಡಿ ತಂದಿರಿ. ಆದರೆ ಉಳಿದವನೇ ಒಳ್ಳೆಯವನು ಅಂತ ಕತೆ ಕಟ್ಟಬೇಡಿ. ಸ್ಟೋನ್ ಅವರ ದೆಹಲಿ ಕಟ್ಟಡ ಸೊಗಸಾಗಿದೆ. ಆ ಜಾಲಿ ಬಿಸಿಲಿಗೆ ಕೊಟ್ಟ ಉತ್ತರ.

ಇನ್ನು @ಮಳೆಹುಡುಗಿ, ನಿನಗೆ ಒಂದು ಮಾತು. ಥಾರ್ನ್‌ಕ್ರೌನ್ ಬಾಗಿಲು ತೆರೆದಾಗ ಜೋನ್ಸ್‌ಗೆ ವಯಸ್ಸು 59. ಅಲ್ಲಿಯವರೆಗೆ ಹೊರಗೆ ಅಷ್ಟಾಗಿ ಯಾರಿಗೂ ಗೊತ್ತಿರಲಿಲ್ಲ. ಮರು ವರ್ಷವೇ, 1981ರಲ್ಲಿ, ಎಐಎ ಪ್ರಶಸ್ತಿ ಬಂತು. ಇಪ್ಪತ್ತೈದು ವರ್ಷ ತಾಳಿ ನಿಂತ ಕಟ್ಟಡಕ್ಕೆ ಕೊಡುವ ಪ್ರಶಸ್ತಿ 2006ರಲ್ಲಿ, ಅವರು ತೀರಿಕೊಂಡ ಮೇಲೆ. ಸಣ್ಣ ಊರಲ್ಲಿ ಉಳಿಯುವುದಾದರೆ ಅಷ್ಟು ಕಾಯುವ ತಾಳ್ಮೆ ಇಟ್ಟುಕೋ. ಕಾಂಪೌಂಡ್ ಗೋಡೆ ಬರೆಯುವುದರಲ್ಲಿ ನಾಚಿಕೆ ಏನಿಲ್ಲ.

ಮಳೆಹುಡುಗಿ

ಥ್ಯಾಂಕ್ಸ್ ಅಕ್ಕಾ. ಕಾಂಪೌಂಡ್‌ನಿಂದಲೇ ಶುರು ಮಾಡ್ತೀನಿ.

ಬಡಗಿಮಗ

ನನಗೆ ಒಂದು ಸಂಶಯ. ಇಷ್ಟು ಚೆನ್ನಾಗಿ ಬಂದ ಮೇಲೆ ಇದನ್ನೇ ಊರೂರಿಗೆ ಮಾಡಿಕೊಡಿ ಅಂತ ಜನ ಬಂದಿರಬೇಕಲ್ಲ? ನಮ್ಮಲ್ಲಿ ಒಂದು ಮನೆಗೆ ಚೆಂದದ ಬಾಗಿಲು ಮಾಡಿದರೆ ಇಡೀ ಬೀದಿ ಅದನ್ನೇ ಕೇಳುತ್ತದೆ.

ಸಿಮೆಂಟ್‌ಮೂಟೆ

ಬಂದರು. ಅವರು ಪ್ರತಿ ಸಲ ಸ್ವಲ್ಪ ತಿರುಗಿಸಿದರು. ಬೆಂಟನ್‌ವಿಲ್ ಪಕ್ಕದ ಬೆಲ್ಲಾ ವಿಸ್ಟಾದಲ್ಲಿ 1988ರ ಕೂಪರ್ ಚಾಪೆಲ್ ಇದೆ. ಅಲ್ಲಿ ಮರದ ನೆಟ್ಟಗಿನ ಗೆರೆ ಬಿಟ್ಟು ಉಕ್ಕಿನ ಬಾಗಿದ ಕಮಾನು. ಉಕ್ಕು ಬಾಗುತ್ತದೆ, ಹಲಗೆ ಬಾಗುವುದಿಲ್ಲ, ಅದಕ್ಕೆ ತಕ್ಕ ಆಕಾರ. ನನಗೆ ಅದು ಅಷ್ಟು ಹಿಡಿಸಲಿಲ್ಲ, ತುಸು ಒಡವೆ ಹಾಕಿಕೊಂಡ ಹಾಗಿದೆ.

ನನ್ನ ಮೆಚ್ಚಿನದು ಮಿಸಿಸಿಪ್ಪಿಯ ಪಿಕಯೂನ್‌ನಲ್ಲಿರುವ ಪೈನ್‌ಕೋಟ್ ಮಂಟಪ. ಕ್ರಾಸ್ಬಿ ಸಸ್ಯೋದ್ಯಾನದಲ್ಲಿ, ಕೊಳದ ಪಕ್ಕ. ಅದಕ್ಕೆ ಗಾಜೂ ಇಲ್ಲ, ಕಂಬ ಮತ್ತು ಮಾಡು ಮಾತ್ರ. ಮಾಡಿನ ನಡುವೆ ಹೊದಿಕೆ ದಟ್ಟ. ಅಂಚಿಗೆ ಬರುತ್ತ ಬರುತ್ತ ತೆಳುವಾಗಿ, ಕೊನೆಗೆ ಹೊದಿಕೆ ನಿಂತು ಬರೀ ಕಡ್ಡಿಗಳು ಚಾಚಿವೆ. ಮರದ ಕೊಂಬೆ ತುದಿಗೆ ಹೋದಂತೆ ಸಣ್ಣದಾಗುವುದಿಲ್ಲವೇ, ಹಾಗೆ. ಮಾಡು ಎಲ್ಲಿ ಮುಗಿಯಿತು, ಆಕಾಶ ಎಲ್ಲಿ ಶುರುವಾಯಿತು ಅಂತ ಗೆರೆ ಎಳೆಯಲು ಆಗುವುದಿಲ್ಲ.

ದಾರಿಹೋಕ

ಥಾರ್ನ್‌ಕ್ರೌನ್ ಪಕ್ಕದಲ್ಲೇ ಹೈಟೆನ್ಷನ್ ಲೈನ್ ಎಳೆಯಲು ಹೊರಟಿದ್ದರಲ್ಲ, ಅದೇನಾಯಿತು? ಗಾಜಿನ ಆಚೆ ಕಾಡು ಇದ್ದರೆ ತಾನೆ ಆ ಕಟ್ಟಡ. ಟವರ್ ನಿಂತರೆ ಮುಗಿಯಿತು.

ಓಝಾರ್ಕ್‌ವಾಸಿ

ಹೌದು, 2013ರ ಹೊತ್ತಿಗೆ ಆ ಯೋಜನೆ ಬಂದಿತ್ತು. 345 ಕಿಲೋವೋಲ್ಟ್ ಲೈನು. ಊರವರು ಗಲಾಟೆ ಮಾಡಿದರು, 2014ರ ಕೊನೆಗೆ ಕೈಬಿಟ್ಟರು. ನೀವು ಹೇಳಿದ್ದು ಸರಿ. ಕಾನೂನಿನಲ್ಲಿ ಕಟ್ಟಡದ ಗಡಿ 24×60 ಅಡಿ. ಬೆಂಚಿನ ಮೇಲೆ ಕೂತವರಿಗೆ ಗಡಿ ಎದುರು ಗುಡ್ಡದ ತುದಿ.

@ತೊಟ್ಟಿಮನೆ ಮೇಡಂ, ಡಲ್ಲಾಸ್‌ನಿಂದ ಆರೇಳು ಗಂಟೆ ದಾರಿ. ಒಂದು ಸಲ ಬನ್ನಿ. ಊಟ ನಮ್ಮ ಮನೆಯಲ್ಲಿ, ಅಮ್ಮ ಇನ್ನೂ ಒಂದು ತಿಂಗಳು ಇರುತ್ತಾರೆ. ಜಗಳ ಆಮೇಲೆ ಮುಂದುವರಿಸೋಣ. ಒಳಗೆ ಹೋಗಲು ಟಿಕೆಟ್ ಇಲ್ಲ, ಮನಸ್ಸಿದ್ದರೆ ಡಬ್ಬಿಗೆ ಕಾಸು ಹಾಕಬಹುದು.

ತೊಟ್ಟಿಮನೆ

ಊಟ ಅಂದಿರಿ, ಇನ್ನು ಬರದೆ ಇರಲಾಗುವುದಿಲ್ಲ.

ತೊಟ್ಟಿಮನೆ (ಮೂರು ವಾರದ ನಂತರ)

ಹೋಗಿ ಬಂದೆ. ಓಝಾರ್ಕ್ ಅವರ ಮನೆಯಲ್ಲಿ ಬಿಸಿಬೇಳೆಬಾತ್ ಎರಡು ಸಲ ಹಾಕಿಸಿಕೊಂಡೆ. ಅಮ್ಮನವರಿಗೆ ನಮಸ್ಕಾರ.

ಮಧ್ಯಾಹ್ನ ಹೋದೆ, ಕತ್ತಲಾಗುವವರೆಗೂ ಇದ್ದೆ. ಬಿಸಿಲಿದ್ದಾಗ ನನ್ನ ಅಭಿಪ್ರಾಯ ಬದಲಾಗಲಿಲ್ಲ, ನಿಜ ಹೇಳಬೇಕಲ್ಲ. ಜನ ಬರುತ್ತಿದ್ದರು, ಫೋಟೋ ಹೊಡೆಯುತ್ತಿದ್ದರು. ಪಟ್ಟಿಗಳು ತುಸು ಜಾಸ್ತಿಯಾದವು ಅನ್ನಿಸಿತು. ಕಂಬಗಳ ಮೇಲಿನ ದೀಪದ ಪೆಟ್ಟಿಗೆಗಳು ಶುದ್ಧ ರೈಟ್, ಬೇರೆ ಮಾತೇ ಇಲ್ಲ.

ಹೊತ್ತು ಮುಳುಗಿದ ಮೇಲೆ ಆ ದೀಪಗಳನ್ನು ಹಚ್ಚಿದರು. ಆಗ ಗಾಜು ಕನ್ನಡಿಯಾಯಿತು. ಒಳಗಿನ ದೀಪಗಳ ಬಿಂಬ ಶಿಲುಬೆಯ ಆಕಾರದಲ್ಲಿ ಹೊರಗೆ ಕತ್ತಲ ಕಾಡಿನಲ್ಲಿ, ಮರಗಳ ನಡುವೆ, ಒಂದರ ಹಿಂದೆ ಒಂದು ನಿಂತವು. ಒಳಗೆ ಎಷ್ಟಿವೆಯೋ ಅದಕ್ಕಿಂತ ಜಾಸ್ತಿ. ಇದು ಲಾಯ್ಡ್ ರೈಟ್‌ದೂ ಅಲ್ಲ, ಅಪ್ಪ ರೈಟ್‌ದೂ ಅಲ್ಲ. ಮೊದಲು ಬರೆದ 'ಅಷ್ಟೇ' ಅನ್ನುವ ಪದ ವಾಪಸ್ ತಗೊಂಡೆ. 'ಶಿಷ್ಯ' ಅನ್ನುವುದನ್ನು ತಗೊಂಡಿಲ್ಲ.

ಓಝಾರ್ಕ್‌ವಾಸಿ

ಅಷ್ಟಕ್ಕೆ ಅಮ್ಮ ಇನ್ನೊಂದು ಸಲ ಬಿಸಿಬೇಳೆಬಾತ್ ಮಾಡುತ್ತಾರಂತೆ.

ಬಡಗಿಮಗ

ಮೇಡಂ, ಆ ಕೀಲಿನ ಮಧ್ಯದ ತೂತು ಎಷ್ಟು ಅಗಲ ಇದೆ? ಅಳತೆ ತಗೊಂಡ್ರಾ?

ತೊಟ್ಟಿಮನೆ

ಅಷ್ಟು ಎತ್ತರಕ್ಕೆ ಟೇಪ್ ಹಿಡಿದು ಹತ್ತಲಾ? ಕೆಳಗಿನಿಂದ ಹೆಬ್ಬೆರಳು ಎತ್ತಿ ಒಂದು ಕಣ್ಣು ಮುಚ್ಚಿ ನೋಡಿದೆ. ಉಗುರಿನಷ್ಟಿತ್ತು.

ಬಡಗಿಮಗ

ಸಾಕು. ಮನೆಯಲ್ಲಿ ಹಳೇ ಪೈನ್ ಪ್ಯಾಕಿಂಗ್ ಹಲಗೆ ಬಿದ್ದಿವೆ. ಭಾನುವಾರ ಒಂದು ಚಿಕ್ಕದು ಮಾಡಿ ಫೋಟೋ ಹಾಕುತ್ತೇನೆ.